ಇಕ್ಕಳದ ಮಾತು ನೋವು ಬರುವ ಮೊದಲೇ ಆಗಲಿ

ಮಗಳೇ, ಚೊಚ್ಚಲು ಹೆರಿಗೆಗೆ ತಳಿ ಊರಿನ ತವರಿಗೆ ಬಂದಿದ್ದೀಯ, ಎಂಟು ತುಂಬುತ್ತಿದೆ. ತೊಟ್ಟಿಲು, ಕುಲಾವಿ, ಖಾರದ ಪುಡಿ ಎಲ್ಲದರ ಮಾತೂ ಮನೆಯಲ್ಲಿ ನಡೆದಿದೆ. ಯಾರೂ ಆಡದ ಒಂದು ಮಾತಿದೆ, ಅದನ್ನು ನಾನು ಹೇಳುತ್ತೇನೆ.

ನಮ್ಮ ಹೊಸೂರು, ದೇನ್ಕನಿಕೋಟೆ ಕಡೆ ಹೆರಿಗೆ ಎಂದರೆ ಒಂದು ನಾರ್ಮಲ್, ಇಲ್ಲದಿದ್ದರೆ ಆಪರೇಷನ್. ನಡುವೆ ಇನ್ನೊಂದು ದಾರಿ ಇರುವುದು ಹೆರಿಗೆ ಕೋಣೆಯಲ್ಲಿ ಡಾಕ್ಟರು ಹೇಳಿದಾಗಲೇ ಗೊತ್ತಾಗುವುದು. ಮಗುವಿನ ತಲೆ ಚೆನ್ನಾಗಿ ಕೆಳಗಿಳಿದಿದೆ, ಆದರೆ ತಾಯಿ ಗಂಟೆಗಟ್ಟಲೆ ಮುಕ್ಕಿ ಸೋತಿದ್ದಾಳೆ. ಅಥವಾ ಮಗುವಿನ ಎದೆಬಡಿತ ಇಳಿಯುತ್ತಿದೆ. ಅಥವಾ ತಾಯಿಗೆ ಹೃದಯದ ಕಾಯಿಲೆ, ಹೆಚ್ಚು ಮುಕ್ಕುವ ಹಾಗಿಲ್ಲ. ಆಗ ತಲೆಗೆ ಫೋರ್ಸೆಪ್ಸ್ ಎಂಬ ಇಕ್ಕಳವನ್ನೋ ವ್ಯಾಕ್ಯೂಮ್ ಬಟ್ಟಲನ್ನೋ ಹಾಕಿ, ನೋವು ಬಂದು ನೀನು ಮುಕ್ಕುವ ಹೊತ್ತಿಗೇ ಎಳೆದು ಮಗುವನ್ನು ಹೊರಗೆ ತರುತ್ತಾರೆ. ಇಲ್ಲಿನ ತಮಿಳಿನವರು ಇದನ್ನು 'ಆಯುಧ ಕೇಸು' ಅನ್ನುತ್ತಾರೆ. ಆ ಹೆಸರು ಕೇಳಿಯೇ ಮನೆಯವರು ಬೆವರುತ್ತಾರೆ, "ಅದೊಂದು ಬೇಡ, ಕೊಯ್ದುಬಿಡಿ" ಅನ್ನುತ್ತಾರೆ.

ಆ ಹೊತ್ತಿನಲ್ಲಿ ಕೊಯ್ಯುವುದು ಸುಲಭವಲ್ಲ ಕಣಮ್ಮ. ತಲೆ ಆಳಕ್ಕೆ ಇಳಿದು ಕೂತ ಮೇಲೆ ಸಿಸೇರಿಯನ್ ಮಾಡಿದರೆ ಗರ್ಭಕೋಶದ ಗಾಯ ಇನ್ನಷ್ಟು ಹರಿಯಬಹುದು, ರಕ್ತ ಹೆಚ್ಚು ಹೋಗಬಹುದು. ಆ ಕಲೆ ಮುಂದಿನ ಬಸಿರಿನಲ್ಲೂ ಲೆಕ್ಕಕ್ಕೆ ಬರುತ್ತದೆ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ತಮಿಳುನಾಡಿನಲ್ಲಿ ನೂರರಲ್ಲಿ ಸುಮಾರು 45 ಹೆರಿಗೆ ಸಿಸೇರಿಯನ್. ಕರ್ನಾಟಕದಲ್ಲಿ 31ರ ಮೇಲೆ, ಇಡೀ ದೇಶದಲ್ಲಿ 21ರ ಮೇಲೆ. ಬೇಕಾದವರಿಗೆ ಅದು ಜೀವ ಉಳಿಸುತ್ತದೆ, ಅಲ್ಲ ಅನ್ನುವುದಿಲ್ಲ. ಆದರೆ ಇಕ್ಕಳ ಹಿಡಿದು ಪಳಗಿದ ಕೈಗಳು ಕಡಿಮೆಯಾದರೆ ನಷ್ಟ ಹೆಂಗಸರಿಗೇ.

ಇಂಗ್ಲೆಂಡಿನಲ್ಲಿ ಚೇಂಬರ್ಲೆನ್ ಎಂಬ ವೈದ್ಯ ಮನೆತನ ಈ ಇಕ್ಕಳವನ್ನು ನೂರು ವರ್ಷಕ್ಕೂ ಹೆಚ್ಚು ಕಾಲ ಗುಟ್ಟಾಗಿ ಇಟ್ಟುಕೊಂಡಿತ್ತು. ಈಗ ಗುಟ್ಟೇನೂ ಇಲ್ಲ, ಕೇಳಿದರೆ ಡಾಕ್ಟರು ಹೇಳಲೇಬೇಕು. ಹಾಗಾಗಿ ಕೇಳು: ನಡುರಾತ್ರಿಯಲ್ಲೂ ಇಕ್ಕಳವೋ ವ್ಯಾಕ್ಯೂಮೋ ಹಾಕಬಲ್ಲವರು ಇರುತ್ತಾರೆಯೇ? ಅರಿವಳಿಕೆ ಡಾಕ್ಟರು, ಮಕ್ಕಳ ಡಾಕ್ಟರು ಸಿಗುತ್ತಾರೆಯೇ? ಆಪರೇಷನ್ ಕೋಣೆ ಸಿದ್ಧವಿರುತ್ತದೆಯೇ? ಯಾಕೆಂದರೆ ಇದು ಯಾವಾಗಲೂ ಫಲಿಸುವುದಿಲ್ಲ. ಗರ್ಭಕಂಠ ಪೂರ್ತಿ ತೆರೆದಿರಬೇಕು, ನೀರು ಒಡೆದಿರಬೇಕು, ಮೂತ್ರಕೋಶ ಖಾಲಿ ಇರಬೇಕು, ನಿನ್ನ ಒಪ್ಪಿಗೆ ಇರಬೇಕು. ಎರಡು ಮೂರು ಸಲ ಎಳೆದರೂ ತಲೆ ಇಳಿಯದಿದ್ದರೆ ನಿಲ್ಲಿಸಿ ಆಪರೇಷನ್ನಿಗೆ ಹೋಗಬೇಕು. ಹಾಗೆ ನಿಲ್ಲಿಸಿದ ಡಾಕ್ಟರನ್ನು ಯಾರೂ ದೂರಬಾರದು. ಅಂಚೆಟ್ಟಿ ಕಡೆಯ ನಿನ್ನ ಓರಗಿತ್ತಿಗೂ ಇದನ್ನು ಹೇಳು. ಅಲ್ಲಿಂದ ಘಾಟಿ ಹತ್ತಿ ಬರಬೇಕು, ಅವಳು ನೋವು ಜೋರಾಗುವವರೆಗೆ ಕಾಯಬಾರದು.

ಇಕ್ಕಳದಲ್ಲಿ ತಾಯಿಯ ಹೆರಿಗೆ ದಾರಿ ಹರಿಯುವುದು ಹೆಚ್ಚು. ವ್ಯಾಕ್ಯೂಮಿನಲ್ಲಿ ಅದು ಕಡಿಮೆ, ಆದರೆ ಬಟ್ಟಲು ಜಾರಬಹುದು, ಮಗುವಿನ ನೆತ್ತಿಯ ಮೇಲೆ ಊತ ಬರುತ್ತದೆ. ಬಟ್ಟಲು ಕೂತ ಜಾಗದ ಆ ಊತ ಸಾಮಾನ್ಯವಾಗಿ ಒಂದೆರಡು ದಿನದಲ್ಲಿ ಇಳಿಯುತ್ತದೆ. ಕೆಲವು ಮಕ್ಕಳಿಗೆ ಒಳಗೆ ರಕ್ತ ಕಟ್ಟಿದ ಗಂಟು ಉಳಿದು, ಕರಗಲು ವಾರಗಳೇ ಬೇಕಾಗಬಹುದು. ಅಜ್ಜಿಯರಿಗೆ ಕೈ ಮುಗಿದು ಹೇಳು: ತಲೆ ದುಂಡಗಾಗಲಿ ಎಂದು ಎಣ್ಣೆ ಹಚ್ಚಿ ಅದನ್ನು ನೀವಬೇಡಿ, ಶಾಖ ಕೊಡಬೇಡಿ, ಚುಚ್ಚಿಸಬೇಡಿ. ಆ ರಕ್ತ ಕರಗುವಾಗ ಕಾಮಾಲೆ ಬರಬಹುದು. ಕಿಟಕಿ ಮುಚ್ಚಿದ ಬಾಣಂತಿ ಕೋಣೆಯಲ್ಲಿ ಮಗು ಹಳದಿಯಾದದ್ದು ಯಾರಿಗೆ ಕಾಣಬೇಕು? ದಿನವೂ ಬೆಳಕಿಗೆ ತಂದು ನೋಡಿ. ಊತ ಮೆತ್ತಗೆ ಹರಡುತ್ತ ಹೋದರೆ, ಮಗು ಬಿಳಚಿಕೊಂಡರೆ, ಹಾಲು ಕುಡಿಯದೆ ಮಂಕಾದರೆ ಕ್ಷಣವೂ ತಡ ಮಾಡದೆ 108ಕ್ಕೆ ಕರೆ ಮಾಡಿ.

ನಿನ್ನದೂ ಸ್ವಲ್ಪ ಕೇಳು. ಬಾಣಂತಿಗೆ ನೀರು ಕೊಡಬಾರದು, ಸೊಪ್ಪು ತರಕಾರಿ ಕೊಡಬಾರದು ಎಂಬ ಪಥ್ಯ ನಮ್ಮಲ್ಲಿ ಇನ್ನೂ ಇದೆ. ಹೊಲಿಗೆ ಬಿದ್ದವಳಿಗೆ ಅದು ಹಿಂಸೆ. ಮಲ ಗಟ್ಟಿಯಾದರೆ ಹೊಲಿಗೆಯೇ ನೋಯುತ್ತದೆ. ಬೇಕಾದಷ್ಟು ನೀರು ಕುಡಿ, ಸೊಪ್ಪು ತಿನ್ನು. ಮೂತ್ರ ಕಟ್ಟಿದರೆ, ಮೂತ್ರವೋ ಮಲವೋ ತಡೆಯಲಾಗದೆ ಜಾರಿದರೆ, ನಾಚಿಕೊಂಡು ಸುಮ್ಮನಿರಬೇಡ. ಅದಕ್ಕೆ ಚಿಕಿತ್ಸೆ ಇದೆ, ಬೇಗ ಹೋದಷ್ಟೂ ಒಳ್ಳೆಯದು. ಇನ್ನೊಂದು ವಿಷಯ: ಈ ಸಲ ಇಕ್ಕಳ ಬೇಕಾದ ಮಾತ್ರಕ್ಕೆ ಮುಂದಿನ ಸಲವೂ ಬೇಕೆಂದಿಲ್ಲ. ಹೆಚ್ಚಿನವರಿಗೆ ಎರಡನೆಯದು ತಾನಾಗಿಯೇ ಆಗುತ್ತದೆ.

ನೀನು ಕನ್ನಡ ಶಾಲೆಯಲ್ಲಿ ಓದಿದವಳು. ತಮಿಳು ಮಾತಾಡುತ್ತೀಯ, ಓದಲು ತಡವರಿಸುತ್ತೀಯ. ಆ ನೋವಿನಲ್ಲಿ ತಮಿಳಿನಲ್ಲೋ ಇಂಗ್ಲಿಷಿನಲ್ಲೋ ಇರುವ ಒಪ್ಪಿಗೆ ಪತ್ರ ಕೊಟ್ಟರೆ ಏನು ಓದುತ್ತೀ? ಬಾಯಲ್ಲಿ ಬಿಡಿಸಿ ಹೇಳಿ ಅನ್ನು. ಹೊಸೂರಿನ ಆಸ್ಪತ್ರೆಗಳಲ್ಲಿ ಕನ್ನಡ ಬಲ್ಲ ನರ್ಸೋ ಆಯಾನೋ ಸಾಮಾನ್ಯವಾಗಿ ಇರುತ್ತಾರೆ. ತಮಿಳುನಾಡಿನ ಸರ್ಕಾರಿ ಆಸ್ಪತ್ರೆಗಳಲ್ಲಿ ಹೆರಿಗೆಯ ಹೊತ್ತಿಗೆ ಜೊತೆಗೊಬ್ಬ ಹೆಂಗಸನ್ನು ಬಿಡುವ ಪದ್ಧತಿ ಇದೆ. ಧೈರ್ಯವಿರುವವರನ್ನು ಕರೆದುಕೋ, ಅಳುವವರನ್ನು ಬೇಡ. ಬರುವ ತಪಾಸಣೆಗೆ ಅಮ್ಮನನ್ನೂ ಗಂಡನನ್ನೂ ಜೊತೆಗೆ ಕರೆದುಕೊಂಡು ಹೋಗು. ನಾನು ಹೇಳಿದ ಪ್ರಶ್ನೆಗಳನ್ನು ಅವರೆದುರೇ ಡಾಕ್ಟರನ್ನು ಕೇಳು.