ಈಜಿಪ್ಟಿನ ಬೀದಿಯೂ ಅರಮನೆಯೂ

ಈಜಿಪ್ಟ್ ಎಂದೊಡನೆ ನಮ್ಮ ಕಣ್ಣ ಮುಂದೆ ನಿಲ್ಲುವುವು ಪಿರಮಿಡ್ಡುಗಳು. ನೈಲ್ ನದಿ, ಫೇರೋ ದೊರೆಗಳು, ಲೇಪಿಸಿಟ್ಟ ಹೆಣಗಳು—ಇಷ್ಟಕ್ಕೆ ನಮ್ಮ ತರಗತಿಯ ಪಾಠ ಮುಗಿದು ಪ್ರಾಧ್ಯಾಪಕರು ಗ್ರೀಸ್ ದೇಶಕ್ಕೆ ಹೊರಟುಬಿಡುತ್ತಾರೆ. ಆ ದೊರೆಗಳಿಗಾಗಿ ಕಲ್ಲು ಹೊತ್ತವರ ಮೊಮ್ಮಕ್ಕಳು ಮುಂದೇನಾದರೆಂದು ಕೇಳುವ ಗೋಜಿಗೆ ನಾವಾರೂ ಹೋಗುವುದಿಲ್ಲ. ಆದರೆ ಕಳೆದ ಇನ್ನೂರು ವರ್ಷಗಳ ಈಜಿಪ್ಟಿನ ಚರಿತ್ರೆಯನ್ನು ತೆರೆದು ನೋಡಿದರೆ ಕಾಣುವುದು ದೊರೆಗಳಿಗಿಂತ ಹೆಚ್ಚಾಗಿ ಬೀದಿಯ ಜನ. ಮತ್ತೆ ಮತ್ತೆ ಕೈರೋ ಪಟ್ಟಣದ ಜನ ಮನೆ ಬಿಟ್ಟು ಹೊರಬಂದು ಅರಮನೆಯನ್ನು ನಡುಗಿಸಿದ್ದಾರೆ. ಹೀಗೆ ಹೊರಬಂದವರಿಗೆ ಕೊನೆಗೆ ದಕ್ಕಿದ್ದೇನು ಎಂಬುದೇ ಪ್ರಕೃತ ಲೇಖನದ ಪ್ರಶ್ನೆ. ಓದುತ್ತ ಹೋದಂತೆ ನನಗೆ ತೋರಿದ್ದು ಇದು: ಜನ ಯಾರ ಹೆಸರನ್ನು ಕೂಗಿ ಗೆಲ್ಲಿಸಿದರೋ ಅವರೇ ಬಹಳ ಸಲ ಜನದ ಬಾಯಿಗೆ ಬೀಗ ಹಾಕಿದರು, ಯಾರ ಹೆಸರನ್ನೂ ಕೂಗದೆ, ಹಸಿವಿನ ಸಂಕಟಕ್ಕೆ ಎದ್ದ ಒಂದು ದಂಗೆಯ ಫಲ ಮಾತ್ರ ಬಹುಕಾಲ ಬಾಳಿತು.

ಮೊದಲನೆಯ ನಿದರ್ಶನ 1805ರದು. ನೆಪೋಲಿಯನ್ನನ ಸೇನೆ ಬಂದು ಹೋದ ಮೇಲೆ ತುರ್ಕಿಯ ಸುಲ್ತಾನನು ಕಳುಹಿಸಿದ ಅಧಿಕಾರಿಗಳ ಸುಲಿಗೆಯನ್ನು ತಾಳಲಾರದೆ ಕೈರೋ ನಗರದ ವರ್ತಕರೂ ಕಸುಬುದಾರರೂ ಉಮರ್ ಮಕ್ರಮ್ ಎಂಬ ಮುಖಂಡನ ಹಿಂದೆ ನಿಂತರು. ಕೋಟೆಯನ್ನು ಮುತ್ತಿದರು. ಖುರ್ಷಿದ್ ಪಾಷಾ ಎಂಬ ಅಧಿಕಾರಿ ಬೇಡ, ಮಹಮ್ಮದ್ ಅಲಿ ಬೇಕು ಎಂದರು. ಸುಲ್ತಾನ ಒಪ್ಪಲೇಬೇಕಾಯಿತು. ಪ್ರಜೆಗಳೇ ಆರಿಸಿ ಕೂರಿಸಿದ ಈ ಮಹಮ್ಮದ್ ಅಲಿ ಮಾಡಿದ್ದೇನು? ನಾಲ್ಕೇ ವರ್ಷಗಳಲ್ಲಿ, 1809ರಲ್ಲಿ, ತನ್ನನ್ನು ಗದ್ದುಗೆಗೇರಿಸಿದ ಉಮರ್ ಮಕ್ರಮನನ್ನೇ ಡಾಮಿಯೆಟ್ಟಾ ಪಟ್ಟಣಕ್ಕೆ ಗಡೀಪಾರು ಮಾಡಿದ. ಅವನ ವಂಶ 1952ರ ವರೆಗೆ ಆಳಿತು. ಉಮರ್ ಮಕ್ರಮನ ಹೆಸರಿನ ಮಸೀದಿಯೊಂದು ಇಂದು ಕೈರೋವಿನ ತಹರೀರ್ ಚೌಕದ ಅಂಚಿನಲ್ಲಿದೆ. ಆ ಚೌಕದ ಮಾತು ಮುಂದೆ ಬರುತ್ತದೆ.

1881ರಲ್ಲಿ ರೈತನ ಮಗನಾದ ಕರ್ನಲ್ ಅಹ್ಮದ್ ಉರಾಬಿ ಅಬ್ದೀನ್ ಅರಮನೆಯ ಮುಂದೆ ದಂಡನ್ನು ನಿಲ್ಲಿಸಿ, ಈಜಿಪ್ಟ್ ಈಜಿಪ್ಟಿನವರದು ಎಂಬ ಕೂಗಿಗೆ ಬಲ ತಂದ. ಮರುವರ್ಷ ಬ್ರಿಟಿಷರ ನೌಕಾಬಲ ಅಲೆಗ್ಸಾಂಡ್ರಿಯವನ್ನು ಸುಟ್ಟಿತು. 1882ರ ಸೆಪ್ಟೆಂಬರ್ 13ರಂದು ತೆಲ್-ಎಲ್-ಕೆಬೀರಿನಲ್ಲಿ ಉರಾಬಿ ಸೋತು ಸಿಂಹಳಕ್ಕೆ ಗಡೀಪಾರಾದ. ಇಲ್ಲಿ ಒಂದು ಮಾತು ಹೇಳದೆ ಮುಂದೆ ಹೋಗಲಾರೆ. ಆ ಯುದ್ಧದಲ್ಲಿ ಬ್ರಿಟಿಷರ ಕಡೆ ಭಾರತದ ಪಡೆಯೂ ಇತ್ತು. ಬೆಂಗಳೂರಿನಲ್ಲಿ ನೆಲೆಯೂರಿರುವ ಮದ್ರಾಸ್ ಸ್ಯಾಪರ್ಸ್ ದಂಡಿನ ಯುದ್ಧಗೌರವಗಳ ಪಟ್ಟಿಯಲ್ಲಿ ತೆಲ್-ಎಲ್-ಕೆಬೀರ್ ಎಂಬ ಹೆಸರಿದೆ. ಒಂದು ಗುಲಾಮ ದೇಶವನ್ನು ಕಟ್ಟಿಹಾಕಲು ಇನ್ನೊಂದು ಗುಲಾಮ ದೇಶದಿಂದ ಹಗ್ಗ ತರಿಸುವ ಜಾಣತನ ಅದು.

ಇನ್ನು 1919ಕ್ಕೆ ಬರೋಣ. ಮೊದಲ ಮಹಾಯುದ್ಧ ಆರಂಭವಾದ ವರ್ಷವೇ, 1914ರ ಡಿಸೆಂಬರಿನಲ್ಲಿ, ಬ್ರಿಟನ್ ಈಜಿಪ್ಟನ್ನು ತನ್ನ ಆಶ್ರಿತ ರಾಜ್ಯವೆಂದು ಸಾರಿತು. ಯುದ್ಧ ಮುಗಿಯುವ ತನಕ ಆ ದೇಶ ಒಂದು ದೊಡ್ಡ ಸೇನಾ ಶಿಬಿರವಾಯಿತು. ನಮ್ಮ ಮೈಸೂರು ಲ್ಯಾನ್ಸರ್ಸ್ ಕುದುರೆಯ ದಂಡೂ ಸೂಯೆಜ್ ಕಾಲುವೆಯ ಕಾವಲಿಗೆ ಹೋಗಿತ್ತು. ಇಂಥ ದಂಡುಗಳಿಗೆಲ್ಲ ಬೇಕಾದ ಒಂಟೆ, ಕತ್ತೆ, ಮೇವು, ಧಾನ್ಯಗಳನ್ನು ಹಳ್ಳಿಗಳಿಂದ ಕಿತ್ತು ತಂದರು. ಆಳುಗಳನ್ನು ಕೂಲಿಪಡೆಗೆ ಹಿಡಿದುಕೊಂಡು ಹೋದರು. ಯುದ್ಧ ನಿಂತ ಎರಡನೆಯ ದಿನ, 1918ರ ನವೆಂಬರ್ 13ರಂದು, ಸಾದ್ ಜಗ್ಲೂಲ್ ಎಂಬ ಹಿರಿಯ ವಕೀಲರು ಇಬ್ಬರು ಗೆಳೆಯರೊಡನೆ ಬ್ರಿಟಿಷ್ ಹೈಕಮಿಷನರ್ ವಿಂಗೇಟರನ್ನು ಕಂಡು ಸ್ವಾತಂತ್ರ್ಯವನ್ನು ಕೇಳಿದರು. ಇಡೀ ದೇಶದ ಪರವಾಗಿ ಮಾತನಾಡಲು ಈ ಮೂವರಿಗೆ ಏನು ಅಧಿಕಾರವೆಂಬ ಪ್ರಶ್ನೆ ಎದ್ದಿತು.

ಜಗ್ಲೂಲರು ಇದಕ್ಕೆ ಕೊಟ್ಟ ಉತ್ತರ ಶುದ್ಧ ವಕೀಲನ ಉತ್ತರ. ನ್ಯಾಯಾಲಯದಲ್ಲಿ ಕಕ್ಷಿಗಾರನು ವಕಾಲತ್ತು ಬರೆದುಕೊಡುವುದಿಲ್ಲವೆ? ಹಾಗೆಯೇ ದೇಶವೇ ತಮಗೆ ವಕಾಲತ್ತು ಬರೆದುಕೊಡಲಿ ಎಂದು ಒಕ್ಕಣೆ ಅಚ್ಚು ಹಾಕಿಸಿ ಊರೂರಿಗೆ ಕಳುಹಿಸಿದರು. ಪಟ್ಟಣದ ವಕೀಲರೂ ಹಳ್ಳಿಯ ಮುಖ್ಯಸ್ಥರೂ ರುಜು ಹಾಕಿದರು. ಸರ್ಕಾರ ಆ ಕಾಗದಗಳನ್ನು ಜಫ್ತಿ ಮಾಡಲು ಆಜ್ಞೆ ಮಾಡಿತು. ಅದರಿಂದ ಕಾಗದದ ಬೆಲೆ ಇನ್ನಷ್ಟು ಏರಿತು. ಜಗತ್ತಿನ ಜನಾಂದೋಲನಗಳಲ್ಲಿ ಇಷ್ಟು ಸರಳವೂ ಇಷ್ಟು ಪರಿಣಾಮಕಾರಿಯೂ ಆದ ಉಪಾಯ ಅಪರೂಪವೆಂದು ನನ್ನ ಭಾವನೆ. ರುಜು ಹಾಕಿದ ಪ್ರತಿಯೊಬ್ಬನಿಗೂ ಇದು ತನ್ನ ವ್ಯಾಜ್ಯವೆನಿಸಿತು.

1919ರ ಮಾರ್ಚ್ 8ರಂದು ಬ್ರಿಟಿಷರು ಜಗ್ಲೂಲರನ್ನೂ ಅವರ ಮೂವರು ಸಂಗಡಿಗರನ್ನೂ ಹಿಡಿದು ಮಾಲ್ಟಾ ದ್ವೀಪಕ್ಕೆ ಸಾಗಿಸಿದರು. ಆ ಸಂಗಡಿಗರ ಹೆಸರನ್ನು ವಾಚಕರು ನೆನಪಿನಲ್ಲಿಡಬೇಕು: ಹಮದ್ ಅಲ್-ಬಾಸಿಲ್, ಇಸ್ಮಾಯಿಲ್ ಸಿದ್ಕಿ, ಮಹಮ್ಮದ್ ಮಹಮೂದ್. ಮರುದಿನ ಬೆಳಗ್ಗೆ ಮೊದಲು ಹೊರಬಂದವರು ವಿದ್ಯಾರ್ಥಿಗಳು, ಅದರಲ್ಲೂ ಕಾನೂನು ಶಾಲೆಯವರು. ಅವರ ಹಿಂದೆ ಟ್ರಾಮ್ ಕಾರ್ಮಿಕರು, ರೈಲ್ವೆ ಕಾರ್ಮಿಕರು, ವಕೀಲರು, ಸರ್ಕಾರಿ ನೌಕರರು ಬಂದರು. ಮಾರ್ಚ್ 16ರಂದು ಮುಸುಕು ಹಾಕಿದ ಹೆಂಗಸರು ಮೆರವಣಿಗೆ ಹೊರಟರು. ಹುದಾ ಶಾರಾವಿ ಅವರಲ್ಲಿ ಮುಂದಾಳು. ಕ್ರೈಸ್ತರಾದ ಕಾಪ್ಟರೂ ಮುಸಲ್ಮಾನರೂ ಅರ್ಧಚಂದ್ರ ಮತ್ತು ಶಿಲುಬೆ ಎರಡನ್ನೂ ಒಂದೇ ಬಾವುಟದ ಮೇಲೆ ಬರೆದರು. ಸರ್ಗಿಯಸ್ ಎಂಬ ಕಾಪ್ಟಿಕ್ ಪಾದ್ರಿ ಸಾವಿರ ವರ್ಷದ ಅಲ್-ಅಜ್ಹರ್ ಮಸೀದಿಯಲ್ಲಿ ನಿಂತು ಭಾಷಣ ಮಾಡಿದರು. ಹಳ್ಳಿಯವರು ರೈಲ್ವೆ ಕಂಬಿಗಳನ್ನು ಕಿತ್ತರು. ಇದು ಕೇವಲ ಪುಂಡಾಟವೆಂದು ಬ್ರಿಟಿಷರು ಬರೆದಿಟ್ಟರು. ಆದರೆ ತಮ್ಮ ಧಾನ್ಯವನ್ನೂ ಮಕ್ಕಳನ್ನೂ ಹೊತ್ತು ಹೋದದ್ದು ಆ ಕಂಬಿಗಳೇ ಅಲ್ಲವೆ? ಜಿಫ್ತಾ ಎಂಬ ಸಣ್ಣ ಪಟ್ಟಣವಂತೂ ತಾನೇ ಸ್ವತಂತ್ರ ಗಣರಾಜ್ಯವೆಂದು ಸಾರಿಕೊಂಡಿತು! ದಂಗೆಯನ್ನಡಗಿಸಲು ವಿಮಾನಗಳನ್ನೂ ಬಳಸಿದರು. ಸತ್ತವರು ಎಂಟು ನೂರಕ್ಕೆ ಕಡಿಮೆಯಿಲ್ಲ. ಏಪ್ರಿಲ್ 7ರಂದು ಹೊಸ ಹೈಕಮಿಷನರ್ ಅಲೆನ್ಬಿ ಕೈದಿಗಳ ಬಿಡುಗಡೆಯನ್ನು ಸಾರಬೇಕಾಯಿತು.

ಫಲವೇನೂ ಇಲ್ಲವೆಂದು ಹೇಳಿದರೆ ಅನ್ಯಾಯವಾದೀತು. 1922ರ ಫೆಬ್ರವರಿ 28ರಂದು ಬ್ರಿಟನ್ ಈಜಿಪ್ಟಿನ ಸ್ವಾತಂತ್ರ್ಯವನ್ನು ಒಪ್ಪಿತು—ಕಾಲುವೆಯ ಮಾರ್ಗ, ದೇಶದ ರಕ್ಷಣೆ, ವಿದೇಶೀಯರ ಹಾಗೂ ಅಲ್ಪಸಂಖ್ಯಾತರ ಹಿತ, ಸುಡಾನ್ ಈ ನಾಲ್ಕನ್ನು ತನ್ನ ಕೈಯಲ್ಲಿಟ್ಟುಕೊಂಡು. 1923ರಲ್ಲಿ ರಾಜ್ಯಾಂಗ ಬಂದಿತು. 1924ರಲ್ಲಿ ಚುನಾವಣೆಯಲ್ಲಿ ಗೆದ್ದು ಜಗ್ಲೂಲರು ಪ್ರಧಾನಿಯಾದರು. ಒಂದು ವರ್ಷ ತುಂಬುವ ಮುನ್ನ ಬ್ರಿಟಿಷರ ಒತ್ತಾಯಕ್ಕೆ ಸಿಲುಕಿ ಇಳಿದರು. ಇಷ್ಟರ ಮಟ್ಟಿಗೆ ಕಥೆ ನಮಗೆ ಪರಿಚಿತವಾದದ್ದೇ. ಅಪರಿಚಿತವಾದದ್ದು ಮಾಲ್ಟಾ ಕೈದಿಗಳ ಮುಂದಿನ ನಡತೆ. 1928ರಲ್ಲಿ ಪ್ರಧಾನಿಯಾದ ಮಹಮ್ಮದ್ ಮಹಮೂದ್ ಪಾಷಾ ಪಾರ್ಲಿಮೆಂಟನ್ನು ಮೂರು ವರ್ಷ ಕಾಲ ಅಮಾನತ್ತಿನಲ್ಲಿಡುವುದಾಗಿ ಸಾರಿ, ತನ್ನದು ಕಬ್ಬಿಣದ ಕೈ ಎಂದು ಹೆಸರು ಪಡೆದ. 1930ರಲ್ಲಿ ಪ್ರಧಾನಿಯಾದ ಇಸ್ಮಾಯಿಲ್ ಸಿದ್ಕಿ ಪಾಷಾ 1923ರ ರಾಜ್ಯಾಂಗವನ್ನೇ ಕಿತ್ತೆಸೆದು ಅರಸನ ಅಧಿಕಾರವನ್ನು ಹೆಚ್ಚಿಸುವ ಇನ್ನೊಂದನ್ನು ತಂದ. ಇವರಿಬ್ಬರ ಬಿಡುಗಡೆಗಾಗಿಯೂ 1919ರಲ್ಲಿ ಹುಡುಗರು ಗುಂಡಿಗೆ ಎದೆಯೊಡ್ಡಿದ್ದರು ಎಂಬುದನ್ನು ಮರೆಯುವಂತಿಲ್ಲ.

ಆ ರಾಜ್ಯಾಂಗವನ್ನು ಮರಳಿ ತಂದವರು ಪುನಃ ವಿದ್ಯಾರ್ಥಿಗಳೇ, 1935ರ ಕೊನೆಯಲ್ಲಿ. 1946ರ ಫೆಬ್ರವರಿ 9ರಂದು ಬ್ರಿಟಿಷ್ ಸೇನೆ ತೊಲಗಲೆಂದು ವಿಶ್ವವಿದ್ಯಾನಿಲಯದಿಂದ ಹೊರಟ ಮೆರವಣಿಗೆ ನೈಲ್ ನದಿಯ ಅಬ್ಬಾಸ್ ಸೇತುವೆಯ ಮೇಲಿದ್ದಾಗ ಪೋಲೀಸರು ಸೇತುವೆಯನ್ನೇ ತೆರೆದುಬಿಟ್ಟರು. ನಮ್ಮ ವಯಸ್ಸಿನ ಅನೇಕರು ನೀರಿಗೆ ಬಿದ್ದರು. ಮಂತ್ರಿಮಂಡಲ ಉರುಳಿತು. ಹೊಸ ಪ್ರಧಾನಿಯಾಗಿ ಬಂದವರು ಯಾರು? ಅದೇ ಸಿದ್ಕಿ ಪಾಷಾ! ಜುಲೈ ತಿಂಗಳಲ್ಲಿ ಆತ ನೂರಾರು ಮಂದಿ ಲೇಖಕರನ್ನೂ ವಿದ್ಯಾರ್ಥಿಗಳನ್ನೂ ಕಾರ್ಮಿಕ ನಾಯಕರನ್ನೂ ಸೆರೆಗೆ ತಳ್ಳಿಸಿದ.

1952ರ ಜುಲೈ 23ರಂದು ನಡೆದದ್ದು ಜನರ ದಂಗೆಯಲ್ಲ, ಸೇನಾಧಿಕಾರಿಗಳ ಕ್ರಾಂತಿ. ಅದರ ಗುಣದೋಷಗಳು ಸರ್ವವಿದಿತ. ಭೂಸುಧಾರಣೆಯನ್ನೂ 1956ರಲ್ಲಿ ಕಾಲುವೆಯ ರಾಷ್ಟ್ರೀಕರಣವನ್ನೂ ಯಾರೂ ಅಲ್ಲಗಳೆಯಲಾರರು. ಆದರೆ ಕ್ರಾಂತಿಯಾದ ಮೂರು ವಾರಕ್ಕೆ ಕಫ್ರ್ ಅಲ್-ದವ್ವಾರಿನ ಬಟ್ಟೆಯ ಗಿರಣಿಯ ಕಾರ್ಮಿಕರು, ಹೊಸ ಸರ್ಕಾರ ತಮ್ಮದೇ ಎಂದು ನಂಬಿ ಮುಷ್ಕರ ಹೂಡಿದಾಗ, ಸೈನಿಕ ನ್ಯಾಯಾಲಯ ಇಬ್ಬರು ಕಾರ್ಮಿಕರಿಗೆ ಮರಣದಂಡನೆ ವಿಧಿಸಿತು. ಸೆಪ್ಟೆಂಬರಿನಲ್ಲಿ ಅವರನ್ನು ಗಲ್ಲಿಗೇರಿಸಲಾಯಿತು.

ಈಗ 1977. ಪಠ್ಯಪುಸ್ತಕಗಳಲ್ಲಿ ಇದಕ್ಕೆ ಕ್ರಾಂತಿಯೆಂಬ ಗೌರವವಿಲ್ಲ. ಅಂತರರಾಷ್ಟ್ರೀಯ ಹಣಕಾಸು ನಿಧಿಯಿಂದ ಸಾಲ ಬೇಕಾಗಿದ್ದ ಅಧ್ಯಕ್ಷ ಸಾದತ್ ಅವರ ಸರ್ಕಾರ ಜನವರಿ 17ರಂದು ಹಿಟ್ಟು, ಅಕ್ಕಿ, ಸಕ್ಕರೆ, ಚಹಾ, ಅಡಿಗೆಯ ಅನಿಲ ಮುಂತಾದವುಗಳ ಮೇಲಿನ ಸಹಾಯಧನವನ್ನು ಕಡಿತಗೊಳಿಸಿತು. ಮರುದಿನ ಅಲೆಗ್ಸಾಂಡ್ರಿಯದ ಹಡಗುಕಟ್ಟೆಯ ಕಾರ್ಮಿಕರೂ ಕೈರೋ ಬಳಿಯ ಹೆಲ್ವಾನಿನ ಕಾರ್ಖಾನೆಗಳವರೂ ಕೆಲಸ ಬಿಟ್ಟು ಹೊರಬಂದರು. ಎರಡು ದಿನ ಅಲೆಗ್ಸಾಂಡ್ರಿಯದಿಂದ ಅಸ್ವಾನಿನವರೆಗೆ ಇಡೀ ದೇಶ ಹೊತ್ತಿ ಉರಿಯಿತು. ಪೋಲೀಸ್ ಠಾಣೆಗಳು ಉರಿದವು. ಪಿರಮಿಡ್ಡಿನ ರಸ್ತೆಯ ಐಷಾರಾಮಿ ಕುಣಿತದ ಮನೆಗಳೂ ಉರಿದವು. ಈ ಜನಕ್ಕೆ ನಾಯಕನಿರಲಿಲ್ಲ, ಪಕ್ಷವಿರಲಿಲ್ಲ, ಮುದ್ರಿತ ಬೇಡಿಕೆಯಿರಲಿಲ್ಲ. ಸೇನೆ ಬೀದಿಗಿಳಿಯಿತು, ಕರ್ಫ್ಯೂ ಬಂತು, ಎಪ್ಪತ್ತಕ್ಕೂ ಹೆಚ್ಚು ಜನ ಸತ್ತರು. ಸಾದತ್ ಇದನ್ನು ಕಳ್ಳರ ದಂಗೆಯೆಂದು ಜರೆದರು. ಜರೆಯುತ್ತಲೇ ಬೆಲೆಯೇರಿಕೆಯನ್ನು ಹಿಂದಕ್ಕೆ ತೆಗೆದುಕೊಂಡರು.

ಈಜಿಪ್ಟಿನ ಆಡುಮಾತಿನಲ್ಲಿ ರೊಟ್ಟಿಗೆ ‘ಅಯಿಶ್’ ಎನ್ನುತ್ತಾರೆ. ಆ ಶಬ್ದಕ್ಕೆ ಬದುಕು ಎಂಬ ಅರ್ಥವೂ ಉಂಟು. ನಮ್ಮಲ್ಲಿ ಅನ್ನವೆಂದರೆ ಬರಿಯ ಅಕ್ಕಿಯಲ್ಲವಷ್ಟೆ, ಹಾಗೆ. 1977ರ ಆ ಎರಡು ದಿನಗಳ ಭಯ ಅರಮನೆಯ ಗೋಡೆಗಳಿಂದ ಹೋಗಲಿಲ್ಲ. 1980ರ ದಶಕದ ಕೊನೆಗೆ 5 ಪಿಯಾಸ್ಟರಿಗೆ ಮುಟ್ಟಿದ ಸರ್ಕಾರಿ ರೊಟ್ಟಿಯ ಬೆಲೆ ಆಮೇಲೆ ಮೂರು ದಶಕಗಳಿಗೂ ಮಿಕ್ಕಿ ಅಲ್ಲೇ ನಿಂತಿತು. ಉಳಿದೆಲ್ಲದರ ಬೆಲೆ ಎಷ್ಟೋ ಪಟ್ಟು ಏರಿದರೂ ರೊಟ್ಟಿಗೆ ಕೈ ಹಚ್ಚಲು ಯಾರಿಗೂ ಧೈರ್ಯ ಸಾಲಲಿಲ್ಲ. ಕಳ್ಳದಾರಿಗಳು ಇರಲಿಲ್ಲವೆಂದಲ್ಲ, 2020ರಲ್ಲಿ ಬೆಲೆಯನ್ನು ಹಾಗೇ ಬಿಟ್ಟು ರೊಟ್ಟಿಯ ತೂಕವನ್ನು 110 ಗ್ರಾಮಿನಿಂದ 90ಕ್ಕೆ ಇಳಿಸಿದರು. ಆದರೂ ಹೆಸರಿಲ್ಲದ ಆ ಜನ ಗಳಿಸಿಕೊಟ್ಟದ್ದನ್ನು, ಹೆಸರಾಂತ ಪಾಷಾಗಳ ಕ್ರಾಂತಿ ಗಳಿಸಿಕೊಟ್ಟದ್ದರೊಡನೆ ತೂಗಿ ನೋಡಬಹುದು.

2011ರ ಘಟನೆಗಳು ಇತ್ತೀಚಿನವಾದ್ದರಿಂದ ಸಂಕ್ಷೇಪವಾಗಿ ಹೇಳುತ್ತೇನೆ. ಟ್ಯುನೀಶಿಯದ ಅಧ್ಯಕ್ಷ ಓಡಿಹೋದ ಹನ್ನೊಂದನೆಯ ದಿನ, ಜನವರಿ 25ರಂದು, ಕೈರೋವಿನ ಯುವಜನರು ತಹರೀರ್ ಚೌಕಕ್ಕೆ ಬಂದರು. ಅದು ಸರ್ಕಾರದ ಪೋಲೀಸ್ ದಿನ. 1952ರಲ್ಲಿ ಇಸ್ಮಾಯಿಲಿಯದಲ್ಲಿ ಬ್ರಿಟಿಷರನ್ನು ಎದುರಿಸಿ ಮಡಿದ ಪೋಲೀಸರ ಸ್ಮರಣೆಗಾಗಿ ಇಟ್ಟ ದಿನ. ಅಂಥ ದಿನವನ್ನೇ ಪೋಲೀಸರ ಕ್ರೌರ್ಯವನ್ನು ಖಂಡಿಸಲು ಆರಿಸಿಕೊಂಡದ್ದರಲ್ಲಿ ಎಷ್ಟು ಕಟುವಾದ ವ್ಯಂಗ್ಯವಿದೆ! ಅವರ ಘೋಷಣೆಯ ಮೊದಲ ಶಬ್ದ ಮತ್ತೆ ‘ಅಯಿಶ್’. ಆಮೇಲೆ ಸ್ವಾತಂತ್ರ್ಯ, ಸಾಮಾಜಿಕ ನ್ಯಾಯ. ಸರ್ಕಾರ ದೂರವಾಣಿಯನ್ನೂ ಇಂಟರ್‌ನೆಟ್ಟನ್ನೂ ಕತ್ತರಿಸಿತು. ಏನಾಯಿತೆಂದು ತಿಳಿಯಲು ಮನೆಯಲ್ಲಿದ್ದವರೂ ಹೊರಬಂದರು. ಹದಿನೆಂಟು ದಿನಗಳಲ್ಲಿ, ಫೆಬ್ರವರಿ 11ರಂದು, ಮೂವತ್ತು ವರ್ಷ ಆಳಿದ್ದ ಮುಬಾರಕ್ ಇಳಿದರು. ಸತ್ತವರು 846 ಮಂದಿಯೆಂದು ಸರ್ಕಾರಿ ತನಿಖೆಯೇ ಹೇಳಿತು.

ಅಧಿಕಾರ ಹೋದದ್ದು ಸೇನೆಯ ಮಂಡಲಿಗೆ. ಚೌಕದಲ್ಲಿದ್ದವರಿಗೆ 1919ರಲ್ಲಿದ್ದಂತೆ ವಕಾಲತ್ತಿನ ಕಾಗದವಿರಲಿಲ್ಲ; ಅವರ ಪರವಾಗಿ ಮೇಜಿನ ಮುಂದೆ ಕೂರುವವರು ಯಾರೆಂದು ಯಾರಿಗೂ ಗೊತ್ತಿರಲಿಲ್ಲ. ನಾಯಕರಿಲ್ಲದ್ದೇ ನಮ್ಮ ಬಲವೆಂದು ಅವರಲ್ಲಿ ಅನೇಕರು ಹೇಳಿಕೊಂಡರು. ಬೆಲೆಯೇರಿಕೆಯನ್ನು ರದ್ದು ಮಾಡಿಸಲು ಅದು ಸಾಕು. ರಾಜ್ಯವನ್ನು ಹೊಸದಾಗಿ ಕಟ್ಟಲು ಸಾಲದು. ಆ ವರ್ಷದ ನವೆಂಬರಿನಲ್ಲಿ ಜನ ಮತ್ತೆ ಚೌಕಕ್ಕೆ ಬಂದಾಗ, ಅದರ ಮಗ್ಗುಲಿನ ಬೀದಿಯೊಂದರಲ್ಲಿ ನಲವತ್ತಕ್ಕೂ ಹೆಚ್ಚು ಮಂದಿ ಹತರಾದರು. ಆ ಬೀದಿಯ ಹೆಸರು ಮಹಮ್ಮದ್ ಮಹಮೂದ್ ಬೀದಿ—ಮಾಲ್ಟಾ ಕೈದಿಯಾಗಿದ್ದು ಮುಂದೆ ಕಬ್ಬಿಣದ ಕೈಯಾದ ಅದೇ ಪಾಷಾನ ಹೆಸರು.

2012ರ ಜೂನಿನಲ್ಲಿ ಮಹಮ್ಮದ್ ಮೊರ್ಸಿ ಚುನಾವಣೆಯಲ್ಲಿ ಗೆದ್ದು ಅಧ್ಯಕ್ಷರಾದರು. ನವೆಂಬರಿನಲ್ಲಿ ತಮ್ಮ ಆಜ್ಞೆಗಳನ್ನು ನ್ಯಾಯಾಲಯಗಳು ಪ್ರಶ್ನಿಸಬಾರದೆಂದು ಸಾರಿದರು. 2013ರ ಜೂನ್ 30ರಂದು ಅವರ ವಿರುದ್ಧ ಅಪಾರ ಜನ ಸೇರಿತು. ಜುಲೈ 3ರಂದು ಸೇನೆ ಅವರನ್ನು ಇಳಿಸಿತು. ಬೀದಿಯ ಜನ ಸೈನಿಕರಿಗೆ ಜಯಕಾರ ಮಾಡಿದರು. ಆಗಸ್ಟ್ 14ರಂದು ರಬಾ ಚೌಕದಲ್ಲಿ ಮೊರ್ಸಿಯವರ ಬೆಂಬಲಿಗರು ನೂರಾರು ಸಂಖ್ಯೆಯಲ್ಲಿ ಹತರಾದರು. ನವೆಂಬರಿನಲ್ಲಿ, ಮುಂಚಿತವಾಗಿ ತಿಳಿಸದೆ ಮೆರವಣಿಗೆ ಮಾಡುವುದು ಅಪರಾಧವೆಂದೂ, ತಿಳಿಸಿದರೂ ಅದನ್ನು ತಡೆಯುವ ಅಧಿಕಾರ ಪೋಲೀಸರಿಗುಂಟೆಂದೂ ಶಾಸನ ಬಂದಿತು. ಆ ಶಾಸನಕ್ಕೆ ಮೊದಲು ಸಿಲುಕಿದವರಲ್ಲಿ 2011ರಲ್ಲಿ ಚೌಕದಲ್ಲಿದ್ದ ಯುವಕರೂ ಇದ್ದರು.

2024ರ ಜೂನ್ 1ರಂದು ಸರ್ಕಾರವು ರೊಟ್ಟಿಯ ಬೆಲೆಯನ್ನು 5 ಪಿಯಾಸ್ಟರಿನಿಂದ 20ಕ್ಕೆ ಏರಿಸಿತು. ಸುಮಾರು ಏಳು ಕೋಟಿ ಜನ, ತಲೆಗೆ ದಿನಕ್ಕೆ ಐದರಂತೆ ಕೊಳ್ಳುವ ರೊಟ್ಟಿ ಅದು. ಜನ ಎಂದಿನಂತೆ ಬೆಳಗ್ಗೆ ಅಂಗಡಿಯ ಮುಂದೆ ಸಾಲಾಗಿ ನಿಂತು, ಹೊಸ ಬೆಲೆ ಕೊಟ್ಟು, ರೊಟ್ಟಿ ಹಿಡಿದು ಮನೆಗೆ ಹೋದರು.