ಹಳೆ ಕಾರಿನ ಸ್ಟೇರಿಂಗ್: ಗ್ಯಾರೇಜಿನಲ್ಲಿ ಕಲಿತ ಪಾಠಗಳು

ಮಾರುತಿ 800 ತಯಾರಿಕೆ ನಿಂತದ್ದು 2014ರಲ್ಲಿ. ಅಂಬಾಸಿಡರ್ ನಿಂತದ್ದೂ ಅದೇ ವರ್ಷ. ಆದರೆ ಸಾಗರ, ಹೊಸನಗರ, ತೀರ್ಥಹಳ್ಳಿ ಕಡೆಯ ತೋಟದ ಮನೆಗಳಿಗೆ ಹೋಗಿ ನೋಡಿ, ಅಂಗಳದ ಚಪ್ಪರದಡಿ ಇಂಥ ಕಾರುಗಳು ಇನ್ನೂ ಇವೆ. ಪೇಟೆಗೆ, ಮದುವೆ ಮನೆಗೆ, ರಾತ್ರಿ ಹೊತ್ತು ಆಸ್ಪತ್ರೆಗೆ ಇವುಗಳಲ್ಲೇ ಓಡಾಟ. ನನ್ನ ಗ್ಯಾರೇಜಿಗೆ ಬರುವ ಕಾರುಗಳಲ್ಲಿ ಹೆಚ್ಚಿನವು 800, ಝೆನ್, ಎಸ್ಟೀಮ್, ಆಗೊಂದು ಈಗೊಂದು ಅಂಬಾಸಿಡರ್. ಎಂಜಿನ್ ಕೈಕೊಟ್ಟರೆ ಕಾರು ರಸ್ತೆ ಬದಿಗೆ ನಿಲ್ಲುತ್ತದೆ, ಅಷ್ಟೆ. ಸ್ಟೇರಿಂಗ್ ಕೈಕೊಟ್ಟರೆ ಕಾರು ಎಲ್ಲಿಗೆ ಹೋಗುತ್ತದೆ ಎಂಬುದು ನಮ್ಮ ಕೈಯಲ್ಲಿಲ್ಲ. ಹಾಗಿದ್ದೂ ಜನ ಎಂಜಿನ್ ಶಬ್ದಕ್ಕೆ ಬೆದರುವಷ್ಟು ಸ್ಟೇರಿಂಗ್ ಸಡಿಲಕ್ಕೆ ಬೆದರುವುದಿಲ್ಲ. ದಿನಕ್ಕಿಷ್ಟು ಎಂದು ಸವೆಯುವ ಭಾಗವಾದ್ದರಿಂದ ಓಡಿಸುವವರ ಕೈ ಅದಕ್ಕೆ ಹೊಂದಿಕೊಂಡುಬಿಡುತ್ತದೆ.

ಈ ಕೆಲಸದಲ್ಲಿ ರಿಪೇರಿಗಿಂತ ತಪಾಸಣೆ ದೊಡ್ಡದು. ದೋಷ ಎಲ್ಲಿದೆ ಎಂದು ಕೈಯಲ್ಲಿ ಮುಟ್ಟಿ ಗೊತ್ತಾಗುವವರೆಗೆ ಒಂದು ನಟ್ಟನ್ನೂ ಬಿಚ್ಚಬಾರದು. ಮುಂದಿನ ಪಾಠಗಳೆಲ್ಲ ಈ ಮಾತಿಗೆ ಸೇರಿದವು.

1. ಯಾವಾಗ ಎಂದು ಕೇಳಿ

"ಸ್ಟೇರಿಂಗ್ ಸರಿ ಇಲ್ಲ ಮಾರಾಯ್ರೆ, ಸ್ವಲ್ಪ ನೋಡಿ" ಎಂದು ಕೀಲಿ ಕೊಟ್ಟು ಹೊರಡುವವರನ್ನು ನಾನು ಕೂರಿಸುತ್ತೇನೆ. ಯಾವ ವೇಗದಲ್ಲಿ? ಬ್ರೇಕ್ ಒತ್ತಿದಾಗಲೋ, ಒತ್ತದೆಯೂ? ತಿರುವಿನಲ್ಲೋ, ನೇರ ರಸ್ತೆಯಲ್ಲೋ? ಇತ್ತೀಚೆಗೆ ಗುಂಡಿಗೆ ಬಿದ್ದಿತ್ತಾ? ಟೈರ್ ಬದಲಿಸಿದ್ದು ಯಾವಾಗ?

ಉತ್ತರಗಳು ಬೇರೆಬೇರೆ ಜಾಗ ತೋರಿಸುತ್ತವೆ. 70–80ರ ವೇಗದಲ್ಲಿ ಸ್ಟೇರಿಂಗ್ ಕೈಯಲ್ಲಿ ನಡುಗಿದರೆ ಮುಂದಿನ ಚಕ್ರಗಳ ಬ್ಯಾಲೆನ್ಸಿಂಗ್ ಮೊದಲು ನೋಡಬೇಕು. ನಡುಕ ಕೈಗಿಂತ ಸೀಟಿನಲ್ಲಿ ಹೆಚ್ಚಿದ್ದರೆ ಹಿಂದಿನ ಚಕ್ರ. ಬ್ರೇಕ್ ಒತ್ತಿದಾಗ ಮಾತ್ರ ನಡುಗಿದರೆ ಡಿಸ್ಕ್ ಓರೆಯಾಗಿದೆ. 20–30ರಲ್ಲೇ ಕಾರಿನ ಮೂತಿ ಅತ್ತಿತ್ತ ವಾಲಿದರೆ ಟೈರ್ ಒಳಗಿನ ಪದರ ಬಿಟ್ಟಿರುವ ಸಂಭವ ಹೆಚ್ಚು. ಪೂರ್ತಿ ತಿರುಗಿಸಿ ಮುಂದಕ್ಕೆ ಬಿಟ್ಟಾಗ ಕಟಕಟ ಎಂದರೆ ಅದು ಡ್ರೈವ್ ಶಾಫ್ಟಿನ ಜಾಯಿಂಟ್, ಸ್ಟೇರಿಂಗಿಗೆ ಸಂಬಂಧವಿಲ್ಲ. ಕೇಳಿಸಿಕೊಂಡ ಮೇಲೆ ನಾನೇ ಒಂದು ಸುತ್ತು ಓಡಿಸಿ ಬರುತ್ತೇನೆ, ಮಾಲೀಕರನ್ನು ಪಕ್ಕದಲ್ಲಿ ಕೂರಿಸಿಕೊಂಡು. "ಹಾಂ, ಇದೇ ಶಬ್ದ" ಎಂದು ಅವರ ಬಾಯಲ್ಲೇ ಬರಬೇಕು.

2. ಟೈರನ್ನು ಓದದೆ ಕಾರಿನ ಕೆಳಗೆ ಹೋಗಬೇಡಿ

ಟೈರಿನ ಸವೆತ ಕಾರಿನ ತಿಂಗಳುಗಳ ಲೆಕ್ಕವನ್ನು ತೋರಿಸುತ್ತದೆ. ಅಂಗೈಯನ್ನು ಟೈರಿನ ಹಲ್ಲುಗಳ ಮೇಲೆ ಅಡ್ಡಲಾಗಿ ಒಮ್ಮೆ ಒಳಕ್ಕೆ, ಒಮ್ಮೆ ಹೊರಕ್ಕೆ ಸವರಿ. ಒಂದು ದಿಕ್ಕಿಗೆ ನುಣುಪು, ಇನ್ನೊಂದು ದಿಕ್ಕಿಗೆ ಗರಗಸದಂತೆ ಚುಚ್ಚಿದರೆ ಟೋ (ಮೇಲಿನಿಂದ ನೋಡಿದಾಗ ಚಕ್ರ ಒಳಕ್ಕೋ ಹೊರಕ್ಕೋ ಮುಖ ಮಾಡಿರುವ ಕೋನ) ತಪ್ಪಿದೆ. ಒಳ ಅಂಚೋ ಹೊರ ಅಂಚೋ ಮಾತ್ರ ಸವೆದಿದ್ದರೆ ಕ್ಯಾಂಬರ್ (ಎದುರಿನಿಂದ ನೋಡಿದಾಗ ಚಕ್ರ ವಾಲಿರುವ ಕೋನ) ಕಡೆಗೂ ಅನುಮಾನ ಹೋಗಬೇಕು. ಎರಡೂ ಅಂಚು ಸವೆದು ನಡುವೆ ಹಲ್ಲು ಉಳಿದಿದ್ದರೆ ಗಾಳಿ ಕಡಿಮೆ ಇಟ್ಟು ಓಡಿಸಿದ್ದಾರೆ. ಅಲ್ಲಲ್ಲಿ ತಗ್ಗು ಬಿದ್ದಿದ್ದರೆ ಶಾಕ್ ಅಬ್ಸಾರ್ಬರ್ ಸೋತಿದೆ.

ಟೈರಿನ ವಯಸ್ಸನ್ನೂ ನೋಡಿ. ಬದಿಯಲ್ಲಿ ನಾಲ್ಕು ಅಂಕಿಗಳ ಒಂದು ಗುರುತು ಇರುತ್ತದೆ. 2316 ಎಂದಿದ್ದರೆ 2016ರ 23ನೇ ವಾರದ ಟೈರ್ ಅದು. ತೋಟದ ಮನೆಯ ಕಾರುಗಳು ಕಡಿಮೆ ಓಡುತ್ತವೆ, ಹಲ್ಲು ಹೊಸದರಂತೆಯೇ ಇರುತ್ತದೆ, ರಬ್ಬರ್ ಮಾತ್ರ ಗಟ್ಟಿಯಾಗಿ ಬಿರುಕು ಬಿಟ್ಟಿರುತ್ತದೆ. ಹಲ್ಲು ಇದೆಯಲ್ಲ ಎಂದು ವಾದಿಸುವವರಿಗೆ ನಾನು ಆ ಬಿರುಕಿಗೆ ಉಗುರು ತಾಗಿಸಿ ತೋರಿಸುತ್ತೇನೆ.

3. ಎಡಕ್ಕೆ ಎಳೆದರೆ ಮೊದಲು ಚಕ್ರ ಅದಲುಬದಲು ಮಾಡಿ

ನಮ್ಮಲ್ಲಿ ರಸ್ತೆಯ ನಡು ಎತ್ತರ, ಅಂಚು ತಗ್ಗು. ಎಡಬದಿಯಲ್ಲಿ ಓಡುವ ಕಾರು ಸ್ವಲ್ಪ ಎಡಕ್ಕೆ ಜಾರುವುದು ಸಹಜ, ಅದು ರೋಗವಲ್ಲ. ಸಮತಟ್ಟಾದ ಜಾಗದಲ್ಲೂ ಎಳೆದರೆ ಗಾಳಿ ಸರಿಮಾಡಿ, ಆಮೇಲೆ ಮುಂದಿನ ಎರಡು ಚಕ್ರಗಳನ್ನು ಅದಲುಬದಲು ಮಾಡಿ ಓಡಿಸಿ. (ಇದೇ ದಿಕ್ಕಿಗೆ ತಿರುಗಬೇಕು ಎಂದು ಬಾಣದ ಗುರುತಿರುವ ಟೈರಿಗೆ ಈ ಪರೀಕ್ಷೆ ಬೇಡ.) ಎಳೆತ ಬಲಕ್ಕೆ ತಿರುಗಿತೋ, ದೋಷ ಟೈರಿನದು. ಖರ್ಚಿಲ್ಲದ ಈ ಪರೀಕ್ಷೆ ಮಾಡದೆ ಅಲೈನ್‌ಮೆಂಟ್‌ಗೆ ದುಡ್ಡು ಕೊಟ್ಟು ಬಂದವರನ್ನು ಕಂಡಾಗ ಬೇಸರವಾಗುತ್ತದೆ.

ಚಕ್ರ ಬದಲಿಸಿದರೂ ಎಳೆತ ಹಾಗೇ ಉಳಿದರೆ ಓಡಿಸಿ ಬಂದ ತಕ್ಷಣ ಎರಡು ಚಕ್ರಗಳ ಡಿಸ್ಕ್ ಹತ್ತಿರ ಕೈ ಹಿಡಿಯಿರಿ, ಮುಟ್ಟಬೇಡಿ. ಒಂದು ಕಡೆ ಹೆಚ್ಚು ಕಾವಿದ್ದರೆ ಆ ಬದಿಯ ಬ್ರೇಕ್ ಬಿಡುತ್ತಿಲ್ಲ: ಕ್ಯಾಲಿಪರ್ ಪಿಸ್ಟನ್ ಕಚ್ಚಿದೆ, ಪಿನ್ ತುಕ್ಕು ಹಿಡಿದಿದೆ, ಇಲ್ಲವೇ ಹಳೆಯ ಬ್ರೇಕ್ ಹೋಸ್ ಒಳಗೇ ಊದಿಕೊಂಡಿದೆ.

4. ಪ್ಲೇ ಹುಡುಕುವಾಗ ಚಕ್ರ ನೆಲದ ಮೇಲಿರಲಿ

ಪ್ಲೇ, ಅಂದರೆ ಸಡಿಲ, ಹುಡುಕಲು ಬಹಳ ಜನ ಕಾರು ಬಂದ ಕೂಡಲೇ ಜಾಕ್ ಹಾಕುತ್ತಾರೆ. ಚಕ್ರ ತೂಗಿಬಿಟ್ಟಾಗ ಜಾಯಿಂಟುಗಳ ಮೇಲೆ ಭಾರವಿಲ್ಲ, ಸಣ್ಣ ಸಡಿಲ ಅಡಗಿಬಿಡುತ್ತದೆ. ನನ್ನ ಕ್ರಮ ಹೀಗೆ: ಕಾರು ರ‍್ಯಾಂಪ್ ಮೇಲೆ ತನ್ನ ಭಾರದಲ್ಲೇ ನಿಂತಿರಬೇಕು, ಹ್ಯಾಂಡ್ ಬ್ರೇಕ್ ಹಾಕಿರಬೇಕು, ಚಕ್ರಗಳಿಗೆ ಕಲ್ಲು ಕೊಟ್ಟಿರಬೇಕು. ಗ್ಯಾರೇಜಿನ ಹುಡುಗ ಒಳಗೆ ಕೂತು ಸ್ಟೇರಿಂಗನ್ನು ಅತ್ತಿತ್ತ ಚೂರೇ ಚೂರು ಆಡಿಸುತ್ತಿರುತ್ತಾನೆ. ಚಕ್ರ ತಿರುಗುವಷ್ಟಲ್ಲ, ಪ್ಲೇ ಮುಗಿದು ಚಕ್ರ ಎಳೆಯಲು ಶುರುವಾಗುವಷ್ಟು. ನಾನು ಕೆಳಗಿನಿಂದ ಒಂದೊಂದೇ ಜಾಯಿಂಟನ್ನು ಅಂಗೈಯಲ್ಲಿ ಮುಚ್ಚಿ ಹಿಡಿಯುತ್ತೇನೆ. ಸ್ಟೇರಿಂಗ್ ಕಾಲಮ್ಮಿನ ಜಾಯಿಂಟ್, ರ‍್ಯಾಕ್ ಕ್ಲಾಂಪಿನ ರಬ್ಬರ್, ರಬ್ಬರ್ ಬೂಟಿನ ಮೇಲಿಂದಲೇ ರ‍್ಯಾಕ್ ಎಂಡ್, ಕೊನೆಗೆ ಟೈರಾಡ್ ಎಂಡ್. (ರ‍್ಯಾಕ್ ಎಂದರೆ ಸ್ಟೇರಿಂಗ್ ತಿರುಗಿದಂತೆ ಎಡಬಲಕ್ಕೆ ಸರಿಯುವ ಹಲ್ಲಿನ ಸಲಾಕೆ, ಟೈರಾಡ್ ಅದರಿಂದ ಚಕ್ರಕ್ಕೆ ಹೋಗುವ ಸರಳು.) ಒಂದು ತುದಿ ಅಲುಗಿ ಇನ್ನೊಂದು ತುದಿ ತಡವಾಗಿ ಅಲುಗುವ ಜಾಗವೇ ದೋಷದ ಜಾಗ. ಕಣ್ಣಿಗೆ ಕಾಣದ್ದು ಬೆರಳಿಗೆ ಟಕ್ ಎಂದು ಬಡಿಯುತ್ತದೆ. ಹೈಡ್ರಾಲಿಕ್ ಪವರ್ ಸ್ಟೇರಿಂಗ್ ಇರುವ ಕಾರಾದರೆ ಎಂಜಿನ್ ಚಾಲೂ ಇಟ್ಟು ಈ ಪರೀಕ್ಷೆ ಮಾಡಬೇಕು.

ಆಮೇಲೆ ಜಾಕ್. ಕಾರನ್ನು ಸ್ಟ್ಯಾಂಡಿನ ಮೇಲೆ ಕೂರಿಸಿ, ಚಕ್ರದ ಎಡಬಲ ಹಿಡಿದು ಅಲುಗಿಸಿದರೆ ಟೈರಾಡ್ ಮತ್ತು ರ‍್ಯಾಕಿನ ಸಡಿಲ ಸಿಗುತ್ತದೆ. ಮೇಲೆ ಕೆಳಗೆ ಹಿಡಿದು ಅಲುಗಿಸಿದರೆ ಬಾಲ್ ಜಾಯಿಂಟ್ ಅಥವಾ ಬೇರಿಂಗ್. ಇವೆರಡರಲ್ಲಿ ಯಾವುದು? ಹುಡುಗನಿಗೆ ಬ್ರೇಕ್ ಒತ್ತಿ ಹಿಡಿಯಲು ಹೇಳಿ ಮತ್ತೆ ಅಲುಗಿಸಿ. ಸಡಿಲ ಮಾಯವಾದರೆ ಬೇರಿಂಗ್, ಉಳಿದರೆ ಬಾಲ್ ಜಾಯಿಂಟ್.

ಮಾರುತಿಯ ಈ ಕಾರುಗಳಲ್ಲಿ ಸ್ಟೇರಿಂಗ್ ಚಕ್ರದ ಅಂಚಿನಲ್ಲಿ ಅಳೆದಾಗ 30 ಮಿ.ಮೀ. ಒಳಗಿನ ಪ್ಲೇ ಇದ್ದರೆ ಅಡ್ಡಿಯಿಲ್ಲ. ಅದಕ್ಕಿಂತ ಹೆಚ್ಚಾದರೆ ಸಾಮಾನ್ಯವಾಗಿ ಒಂದೇ ಭಾಗ ಕಾರಣವಾಗಿರುವುದಿಲ್ಲ. ಮೂರು ಕಡೆಯ ಸಣ್ಣ ಸಣ್ಣ ಸಡಿಲ ಕೂಡಿ ದೊಡ್ಡದಾಗಿರುತ್ತದೆ. ಎಲ್ಲಕ್ಕಿಂತ ಹೆಚ್ಚು ಸವೆದದ್ದನ್ನು ಮೊದಲು ಬದಲಿಸಿ, ಮತ್ತೆ ಪರೀಕ್ಷಿಸಿ.

5. 800ರಲ್ಲಿ ಸ್ಟೆಬಿಲೈಸರ್ ಬಾರನ್ನು ಮರೆಯಬೇಡಿ

ಮಾರುತಿ 800ರ ಮುಂಭಾಗದಲ್ಲಿ ಪ್ರತಿ ಚಕ್ರಕ್ಕೂ ಒಂದೇ ಸಣ್ಣ ಲೋವರ್ ಆರ್ಮ್ ಇದೆ. ಅದು ಚಕ್ರವನ್ನು ಅಡ್ಡಡ್ಡಕ್ಕೆ ಮಾತ್ರ ಹಿಡಿಯುತ್ತದೆ. ಹಿಂದೆ ಮುಂದೆ ಹೋಗದಂತೆ ಹಿಡಿಯುವುದು ಸ್ಟೆಬಿಲೈಸರ್ ಬಾರ್. ಬೇರೆ ಹಲವು ಕಾರುಗಳಲ್ಲಿ ತಿರುವಿನಲ್ಲಿ ವಾಲದಂತೆ ತಡೆಯುವುದಷ್ಟೇ ಅದರ ಕೆಲಸ. ಇಲ್ಲಿ ಅದಕ್ಕೆ ಎರಡು ಕೆಲಸ. ಅದರ ತುದಿಯ ಬುಷ್ ಸವೆದರೆ ಬ್ರೇಕ್ ಒತ್ತಿದಾಗ ಆ ಬದಿಯ ಚಕ್ರ ಹಿಂದಕ್ಕೆ ಸರಿಯುತ್ತದೆ, ಆಕ್ಸಿಲರೇಟರ್ ಕೊಟ್ಟಾಗ ಮುಂದಕ್ಕೆ ಬರುತ್ತದೆ. ಬ್ರೇಕ್ ಒತ್ತಿದಾಗ ಒಂದು ಕಡೆ, ವೇಗ ಕೊಟ್ಟಾಗ ಇನ್ನೊಂದು ಕಡೆ ಎಳೆಯುತ್ತದೆ ಎಂಬ ದೂರು ಬಂದರೆ ನಾನು ಬೇರೆಲ್ಲೂ ನೋಡುವ ಮೊದಲು ಇಲ್ಲಿಗೇ ಹೋಗುತ್ತೇನೆ.

ಟೈರ್ ಲಿವರ್ ಹಾಕಿ ಬಾರಿನ ತುದಿಯನ್ನು ಮೀಟಿದರೆ ಸವೆದ ಬುಷ್ ಬಾಯಿ ಬಿಡುತ್ತದೆ. ಬುಷ್‌ಗೆ ದೊಡ್ಡ ಖರ್ಚಿಲ್ಲ, ಆದರೂ ಇದನ್ನು ನೋಡದೆ ರ‍್ಯಾಕ್ ಬದಲಿಸಿದವರಿದ್ದಾರೆ. ಎರಡೂ ಬದಿ ಒಟ್ಟಿಗೆ ಹಾಕಿ, ಬಾರನ್ನು ಕಾರಿನ ಬಾಡಿಗೆ ಹಿಡಿಸುವ ಕ್ಲಾಂಪಿನ ರಬ್ಬರನ್ನೂ ಸೇರಿಸಿ. ವಾಷರುಗಳು ಯಾವ ಮುಖ ಮಾಡಿದ್ದವು ಎಂದು ಬಿಚ್ಚುವಾಗಲೇ ಫೋಟೋ ತೆಗೆದಿಟ್ಟುಕೊಳ್ಳಿ. ಕೊನೆಯ ಬಿಗಿತ ಕಾರನ್ನು ನೆಲಕ್ಕಿಳಿಸಿ ಭಾರ ಬಿದ್ದ ಮೇಲೆಯೇ ಕೊಡಬೇಕು. ಚಕ್ರ ತೂಗಾಡುವಾಗ ಬಿಗಿದರೆ ರಬ್ಬರ್ ತಿರುಚಿಕೊಂಡೇ ಇದ್ದು ಬೇಗ ಹರಿಯುತ್ತದೆ.

ಬಾರ್ ಕಾರಿನ ಬಾಡಿಗೆ ಸೇರುವ ಜಾಗದ ತಗಡನ್ನೂ ಸ್ಕ್ರೂಡ್ರೈವರಿನಿಂದ ಚುಚ್ಚಿ ನೋಡಿ. ನಮ್ಮ ಮಳೆಗೆ ಅಲ್ಲಿ ತುಕ್ಕು ಹಿಡಿಯುತ್ತದೆ. ತಗಡು ಸಡಿಲವಾಗಿದ್ದರೆ ಹೊಸ ಬುಷ್‌ನಿಂದ ಏನೂ ಆಗದು.

6. ಬಿಗಿಯಾದ ಸ್ಟೇರಿಂಗನ್ನು ಭಾಗ ಮಾಡಿ ನೋಡಿ

ಮುಂದಿನ ಚಕ್ರಗಳನ್ನು ಎತ್ತಿ ಸ್ಟೇರಿಂಗ್ ತಿರುಗಿಸಿ. ಈಗಲೂ ಬಿಗಿಯಿದ್ದರೆ ಎರಡೂ ಟೈರಾಡ್ ಎಂಡ್ ಬಿಡಿಸಿ ಮತ್ತೆ ತಿರುಗಿಸಿ. ಹಗುರವಾಯಿತೋ, ದೋಷ ಚಕ್ರದ ಕಡೆ: ಒಣಗಿದ ಬಾಲ್ ಜಾಯಿಂಟ್ ಅಥವಾ ಸ್ಟ್ರಟ್ಟಿನ ಮೇಲಿನ ಮೌಂಟಿಂಗ್. ಸ್ಪ್ರಿಂಗಿನ ಮೇಲೆ ಬೆರಳಿಟ್ಟುಕೊಂಡು ಚಕ್ರ ತಿರುಗಿಸಿದರೆ ಕೆಟ್ಟ ಮೌಂಟಿಂಗ್ ಟಣ್ ಎಂದು ಜಿಗಿಯುವುದು ಗೊತ್ತಾಗುತ್ತದೆ. ಹಗುರವಾಗದಿದ್ದರೆ ರ‍್ಯಾಕ್ ಅಥವಾ ಕಾಲಮ್. ಒಂದು ಸುತ್ತಿನಲ್ಲಿ ಎರಡು ಸಲ ಬಿಗಿ, ಎರಡು ಸಲ ಸಡಿಲ ಎಂದು ಬಂದರೆ ಕಾಲಮ್ಮಿನ ಕೆಳಗಿನ ಜಾಯಿಂಟ್ ತುಕ್ಕು ಹಿಡಿದಿದೆ ಎಂದೇ ಅರ್ಥ.

ತಿರುವು ಮುಗಿದ ಮೇಲೆ ಸ್ಟೇರಿಂಗ್ ತಾನಾಗಿ ನೇರಕ್ಕೆ ಬಾರದಿದ್ದರೂ ಇದೇ ಕ್ರಮ. ಆಗುಂಬೆ ಘಾಟಿಯ 14 ತಿರುವುಗಳಲ್ಲಿ ಪ್ರತಿ ಸಲ ಕೈಯಿಂದ ಎಳೆದು ನೇರ ಮಾಡಬೇಕಾದ ಕಾರನ್ನು ಇಳಿಸುವುದು ಅಪಾಯ.

7. ರ‍್ಯಾಕಿನ ನಟ್ ಬಿಗಿ ಮಾಡಿ ಕಳಿಸುವುದು ರಿಪೇರಿಯಲ್ಲ

ಹೆಚ್ಚು ಹೊತ್ತು ನೇರವಾಗಿಯೇ ಓಡುವುದರಿಂದ ರ‍್ಯಾಕಿನ ಹಲ್ಲು ನಡುಭಾಗದಲ್ಲೇ ಜಾಸ್ತಿ ಸವೆಯುತ್ತದೆ. ಅಲ್ಲಿನ ಸಡಿಲ ಹೋಗುವಷ್ಟು ಹೊಂದಾಣಿಕೆಯ ನಟ್ ಬಿಗಿದರೆ, ಸವೆಯದ ತುದಿಗಳಲ್ಲಿ ರ‍್ಯಾಕ್ ಕಚ್ಚುತ್ತದೆ. ತಿರುವಿನಲ್ಲಿ ಸ್ಟೇರಿಂಗ್ ಸಿಕ್ಕಿಕೊಳ್ಳುವುದಕ್ಕಿಂತ ನೇರ ರಸ್ತೆಯ ಸಣ್ಣ ಸಡಿಲವೇ ವಾಸಿ. ಸ್ವಲ್ಪ ಬಿಗಿ ಮಾಡಿದರೂ ಈ ಕೊನೆಯಿಂದ ಆ ಕೊನೆಯವರೆಗೆ ತಿರುಗಿಸಿ ಎಲ್ಲೂ ಹಿಡಿಯುವುದಿಲ್ಲ ಎಂದು ಖಾತ್ರಿ ಮಾಡಿಕೊಳ್ಳಿ. ಹಿಡಿದರೆ ರ‍್ಯಾಕ್ ಬದಲಿಸಲೇಬೇಕು.

8. ಟೈರಾಡ್ ಎಂಡ್ ಬಿಚ್ಚುವಾಗ

ಲಾಕ್ ನಟ್ಟಿನ ಜಾಗಕ್ಕೆ ಬಣ್ಣದ ಗುರುತು ಹಾಕಿ, ಎಷ್ಟು ಸುತ್ತು ತಿರುಗಿಸಿದಾಗ ಕಳಚಿತು ಎಂದು ಎಣಿಸಿ ಬರೆದಿಡಿ. ಹೊಸದನ್ನು ಅಷ್ಟೇ ಸುತ್ತು ಹಾಕಿದರೆ ಅಲೈನ್‌ಮೆಂಟ್ ಅಂಗಡಿಯವರೆಗೆ ಕಾರು ನೆಟ್ಟಗೆ ಹೋಗುತ್ತದೆ. ಪುಲ್ಲರ್ ಇಲ್ಲದಿದ್ದರೆ ಸುತ್ತಿಗೆ ಏಟು ಬೀಳಬೇಕಾದದ್ದು ಬೋಲ್ಟಿನ ತುದಿಗಲ್ಲ, ಅದು ಕೂತಿರುವ ತೋಳಿನ ಬದಿಗೆ. ಸ್ಪ್ಲಿಟ್ ಪಿನ್ ಪ್ರತಿ ಸಲ ಹೊಸದೇ ಆಗಲಿ. ತೂತು ಹೊಂದದಿದ್ದರೆ ನಟ್ಟನ್ನು ಇನ್ನಷ್ಟು ಬಿಗಿ ಮಾಡಿ ಹೊಂದಿಸಬೇಕು, ಹಿಂದಕ್ಕೆ ಸಡಿಲಿಸಿ ಅಲ್ಲ. ಸ್ಪ್ಲಿಟ್ ಪಿನ್ ಬದಲು ಮೊಳೆ ತುರುಕಿದ ಕಾರುಗಳು ನನ್ನಲ್ಲಿಗೆ ಬಂದಿವೆ. ಆ ಮೊಳೆ ಮುರಿದು ನಟ್ ಕಳಚಿದರೆ ಒಂದು ಚಕ್ರ ಸ್ಟೇರಿಂಗಿನ ಮಾತು ಕೇಳುವುದಿಲ್ಲ.

9. ಹರಿದ ಬೂಟ್ ಮಳೆಗಾಲಕ್ಕೆ ಮೊದಲೇ ಬದಲಾಗಲಿ

ರ‍್ಯಾಕಿನ ರಬ್ಬರ್ ಬೂಟ್ ಹರಿದರೆ ಕೆಂಪು ಮಣ್ಣಿನ ನೀರು ಒಳಗೆ ಸೇರಿ, ಗ್ರೀಸಿನ ಜೊತೆ ಬೆರೆತು ಹಲ್ಲನ್ನು ಉಜ್ಜಿ ತಿನ್ನುತ್ತದೆ. ಮೇ ತಿಂಗಳಲ್ಲಿ ಒಮ್ಮೆ ಕೆಳಗೆ ಬಗ್ಗಿ ನೋಡಿದರೆ ಸಾಕು.

10. ಅಂಬಾಸಿಡರ್‌ಗೆ ಗ್ರೀಸ್, ಪದ್ಮಿನಿಗೆ ತಾಳ್ಮೆ

ಅಂಬಾಸಿಡರ್‌ನಲ್ಲೂ ಇರುವುದು ರ‍್ಯಾಕ್ ಸ್ಟೇರಿಂಗೇ, ಮಾರಿಸ್ ಆಕ್ಸ್‌ಫರ್ಡಿನಿಂದ ಬಂದದ್ದು. ಅದರ ಮುಂಭಾಗದ ಗ್ರೀಸ್ ನಿಪ್ಪಲ್‌ಗಳನ್ನು ಬಣ್ಣ ಮೆತ್ತಿ ಮುಚ್ಚಿಟ್ಟ ಕಾರುಗಳೇ ಹೆಚ್ಚು. ಬಣ್ಣ ಕೆರೆದು, ಚಕ್ರ ಎತ್ತಿ, ಹಳೆಯ ಗ್ರೀಸ್ ಹೊರಬರುವವರೆಗೆ ಗನ್ ಹೊಡೆದರೆ ಅರ್ಧ ಬಿಗಿ ಅಲ್ಲೇ ಬಿಡುತ್ತದೆ. ಪ್ರೀಮಿಯರ್ ಪದ್ಮಿನಿಯದು ಸ್ಟೇರಿಂಗ್ ಬಾಕ್ಸ್. ಅದರಲ್ಲಿ ಜಾಯಿಂಟುಗಳ ಸಂಖ್ಯೆಯೇ ಹೆಚ್ಚು, ಆದ್ದರಿಂದ ಬಾಕ್ಸಿನ ಸ್ಕ್ರೂ ಮುಟ್ಟುವ ಮೊದಲು ಎಲ್ಲ ಜಾಯಿಂಟುಗಳನ್ನೂ ಪರೀಕ್ಷಿಸಿ, ಬಾಕ್ಸಿನಲ್ಲಿ ಎಣ್ಣೆ ಇದೆಯೇ ನೋಡಿ.

11. ಅಲೈನ್‌ಮೆಂಟ್ ಕೊನೆಗೆ

ಸಡಿಲ ಜಾಯಿಂಟ್ ಇಟ್ಟುಕೊಂಡು ಮಾಡಿಸಿದ ಅಲೈನ್‌ಮೆಂಟ್ ಮೊದಲ ಗುಂಡಿಯವರೆಗೆ ಮಾತ್ರ. ಗಾಳಿ, ಟೈರ್, ಬುಷ್, ಜಾಯಿಂಟ್ ಎಲ್ಲ ಮುಗಿದ ಮೇಲೆ ಹೋಗಿ, ಮಾಡುವ ಮೊದಲಿನ ಮತ್ತು ನಂತರದ ಅಂಕಿಗಳ ಚೀಟಿ ಕೇಳಿ ಪಡೆಯಿರಿ. ಸ್ಟೇರಿಂಗ್ ಚಕ್ರ ಓರೆ ಕೂತಿದ್ದರೆ ಎರಡೂ ಟೈರಾಡ್‌ಗಳನ್ನು ಸಮನಾಗಿ ಹೊಂದಿಸಿ ನೇರ ಮಾಡಬೇಕು. ಸ್ಟೇರಿಂಗ್ ಕಿತ್ತು ಒಂದು ಹಲ್ಲು ತಿರುಗಿಸಿ ಕೂರಿಸುವವರಿಗೆ ಒಪ್ಪಬೇಡಿ.

12. ಸ್ಟೇರಿಂಗ್ ಭಾಗಕ್ಕೆ ಬೆಸುಗೆ ಬೇಡ

ಟೈರಾಡ್, ಅದು ಕೂರುವ ತೋಳು, ನಕ್ಕಲ್ ಇವುಗಳನ್ನು ಕಾಯಿಸಿ ನೆಟ್ಟಗೆ ಮಾಡುವುದಾಗಲಿ, ಬೆಸೆಯುವುದಾಗಲಿ ನಾನು ಮಾಡುವುದಿಲ್ಲ. ಯಾರು ಕೇಳಿದರೂ, ಎಷ್ಟು ತುರ್ತಿದ್ದರೂ. ಕಾಯಿಸಿದ ಕಬ್ಬಿಣ ತನ್ನ ಹದ ಕಳೆದುಕೊಂಡಿರುತ್ತದೆ, ಹೊರಗಿನಿಂದ ನೋಡಿದರೆ ಗೊತ್ತಾಗುವುದಿಲ್ಲ. 800ರ ಈ ಭಾಗಗಳು ಶಿವಮೊಗ್ಗದಲ್ಲಿ ಸಿಗದಿದ್ದರೆ ಬೆಂಗಳೂರಿನ ಜೆ.ಸಿ. ರಸ್ತೆಯಿಂದ ತರಿಸಬಹುದು. ಬಿಡಿಭಾಗ ಬರುವವರೆಗೆ ಕಾರು ಅಂಗಳದಲ್ಲೇ ನಿಂತಿರಲಿ, ಪೇಟೆಗೆ ಬಸ್ಸಿನಲ್ಲಿ ಹೋಗಿ ಬನ್ನಿ.