ಅಪೀಲು ಹಾಕಿದರಷ್ಟೇ ಸಾಲದು

ಮೈಲಾರ

ಪ್ರೀತಿಯ ಸೋದರಳಿಯನಿಗೆ,

ಹೊಲದ ದಾವೆ ಸೋತು ನೀನು ಊಟ ಬಿಟ್ಟು ಕೂತಿರುವೆಯೆಂದು ನಿನ್ನವ್ವ ಹೇಳಿದಳು. “ಅಪೀಲು ಹಾಕ್ತೀನಿ, ಆಮೇಲೆ ಹೊಲಕ್ಕೆ ಯಾರು ಬರ್ತಾರೋ ನೋಡ್ತೀನಿ” ಅಂದೆಯಂತೆ. ಇದೇ ಮಾತನ್ನು ನಮ್ಮಪ್ಪನೂ ಆಡಿದ್ದ. ಅದಕ್ಕೇ ಈ ಕಾಗದ.

ಅಪ್ಪ ಅಪೀಲು ಹಾಕಿ, ನೆಮ್ಮದಿಯಿಂದ ಜೋಳ ಬಿತ್ತಿದ. ತಡೆಯಾಜ್ಞೆ ಕೇಳಿರಲಿಲ್ಲ. ತೆನೆ ಹಾಲುಗಟ್ಟುವ ಹೊತ್ತಿಗೆ ಕೋರ್ಟಿನ ಅಮೀನ ಬಂದು ಹೊಲ ಬಿಡಿಸಿದ. ವರ್ಷಗಳ ಮೇಲೆ ಅಪೀಲು ಗೆದ್ದೆವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 144ನೇ ಕಲಮಿನಡಿ ಹೊಲ ಮರಳಿ ಬಂತು. ಆದರೆ ಅಜ್ಜ ಬದುವಿಗೆ ನೆಟ್ಟ ಬೇವಿನ ಮರಗಳು ಅಷ್ಟರೊಳಗೆ ಕೊಡಲಿಗೆ ಹೋಗಿದ್ದವು.

1908ರ ಆ ಸಂಹಿತೆಯ ಆದೇಶ 41, ನಿಯಮ 5 ಸ್ಪಷ್ಟವಾಗಿದೆ: ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿಯ ಅಮಲ್ಜಾರಿ ನಿಲ್ಲದು. ತಡೆಯನ್ನು ಬೇರೆಯಾಗಿ ಕೇಳಬೇಕು. ನ್ಯಾಯಾಲಯ ಮೂರು ಸಂಗತಿ ನೋಡುತ್ತದೆ. ತಡೆ ಸಿಗದಿದ್ದರೆ ನಿನಗೆ ದೊಡ್ಡ ನಷ್ಟವಾದೀತೇ? ವಿಳಂಬ ಮಾಡದೆ ಬಂದಿದ್ದೀಯಾ? ಕೊನೆಗೆ ಸೋತರೆ ಡಿಕ್ರಿಯಂತೆ ನಡೆಯುವುದಕ್ಕೆ ಭದ್ರತೆ ಕೊಟ್ಟಿದ್ದೀಯಾ? “ನನಗೆ ಅನ್ಯಾಯವಾಗಿದೆ” ಎಂಬ ಅಳಲೊಂದೇ ಸಾಲದು. ನಿಂತ ಬೆಳೆ, ಬೋರು, ಮರ, ವಾಸದ ಮನೆ ಎಲ್ಲವನ್ನೂ ಅಫಿಡವಿಟ್ಟಿನಲ್ಲಿ ಇದ್ದದ್ದು ಇದ್ದಹಾಗೆ ಬರೆಸು. ಒಂದು ಸುಳ್ಳು ಸೇರಿದರೆ ಉಳಿದ ನಿಜವೂ ಮಸುಕಾಗುತ್ತದೆ.

ದಿನ ಎಣಿಸು. ಜಿಲ್ಲೆಯೊಳಗಿನ ನ್ಯಾಯಾಲಯಕ್ಕೆ ಅಪೀಲಾದರೆ 30 ದಿನ, ಹೈಕೋರ್ಟಿಗಾದರೆ 90 ದಿನ. ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳನ್ನು ಕಳೆಯುತ್ತಾರೆ. ಆದರೆ ನಕಲಿಗೆ ಅರ್ಜಿ ಹಾಕದೆ ಕಳೆದ ದಿನ ನಿನ್ನ ತಲೆಯ ಮೇಲೆಯೇ. ಅವಧಿ ಮೀರಿದರೆ ವಿಳಂಬಕ್ಕೆ ಕಾರಣ ಒಪ್ಪಿಸಬೇಕು. ಅಪೀಲನ್ನು ಕೇಳುತ್ತೇವೆಂದು ನ್ಯಾಯಾಲಯ ತೀರ್ಮಾನಿಸುವವರೆಗೆ ತಡೆ ಸಿಗದು. ಅವಧಿಯೊಳಗೆ ಇದ್ದರೆ, ತೀರ್ಪು ಕೊಟ್ಟ ನ್ಯಾಯಾಲಯವನ್ನೇ ತಾತ್ಕಾಲಿಕ ತಡೆ ಕೇಳಬಹುದು. ಇದು ಬಹಳ ಮಂದಿಗೆ ಗೊತ್ತಿಲ್ಲ.

ತಡೆ ಸಿಕ್ಕ ಮೇಲೆ ಆದೇಶವನ್ನು ಸರಿಯಾಗಿ ಓದು. ನಮ್ಮ ಮೈಲಾರದ ಜಾತ್ರೆಯಲ್ಲಿ ಭವಿಷ್ಯ ನುಡಿಯುವ ಕಾರ್ಣಿಕದ ದಿನ ಡೆಂಕನಮರಡಿಯಲ್ಲಿ ಗೊರವಯ್ಯ ಬಿಲ್ಲೇರಿ “ಸದ್ದಲೇ” ಎಂದಾಗ ನಾವು ಉಸಿರು ಬಿಗಿಹಿಡಿದು ನಿಲ್ಲುತ್ತೇವಲ್ಲ. ಅವನು ನುಡಿಯುವುದು ಒಂದೇ ಮಾತು. ಮಳೆ, ಬೆಳೆ, ರಾಜ್ಯಭಾರ ಎಂದು ವರ್ಷವಿಡೀ ಅವರವರ ಅರ್ಥ. ಕೋರ್ಟಿನ ಆದೇಶಕ್ಕೆ ಹಾಗೆ ನಿನ್ನಿಷ್ಟದ ಅರ್ಥ ಹಚ್ಚಬೇಡ. “ಮುಂದಿನ ವಿಚಾರಣೆಯವರೆಗೆ”, “ಇಷ್ಟು ದಿನದೊಳಗೆ ಹಣ ಕಟ್ಟಿದರೆ” ಎಂಬ ಒಂದೊಂದು ಪದಕ್ಕೂ ಬೆಲೆಯಿದೆ. ಆದೇಶ ಸಿಕ್ಕ ದಿನವೇ ಅಮಲ್ಜಾರಿ ನಡೆಯುವ ನ್ಯಾಯಾಲಯಕ್ಕೆ ಮುಟ್ಟಿಸು. ಆ ನ್ಯಾಯಾಲಯಕ್ಕೆ ತಿಳಿದಾಗಲೇ ತಡೆಗೆ ಬಲ. ಆದೇಶದ ಪ್ರತಿ ತಡವಾದರೆ, ತಡೆ ಸಿಕ್ಕಿದೆಯೆಂದು ನಿನ್ನ ಅಫಿಡವಿಟ್ ಸಲ್ಲಿಸಬಹುದು.

ಇನ್ನೊಂದು ಮಾತು, ಮನಸ್ಸಿಗೆ ತಂದುಕೋ. ತಡೆ ಗೆಲುವಲ್ಲ, ಕಡ ತಂದ ಕಾಲ. ಎದುರಿನವರು ಇಂದು ಗೆದ್ದು ಕಾಯುತ್ತಿದ್ದಾರೆ. ಕಾಯಿಸುವುದಕ್ಕೆ ಬೆಲೆ ಉಂಟೆಂದು, ತಡೆ ಕೊಡುವಾಗ ತಕ್ಕ ಪರಿಹಾರ ಕಟ್ಟಲು ಷರತ್ತು ಹಾಕಬಹುದೆಂದು ಸುಪ್ರೀಂ ಕೋರ್ಟ್ 2004ರ ಡಿಸೆಂಬರಿನಲ್ಲಿ ಹೇಳಿತು. ಬೆಂಗಳೂರಿನ ಆಸ್ತಿಯೊಂದರ ಡಿಕ್ರಿ ವರ್ಷಗಟ್ಟಲೆ ಕೈಗೂಡದೆ ಉಳಿದ ಪ್ರಕರಣದಲ್ಲಿ, 2021ರ ಏಪ್ರಿಲ್ 22ರಂದು, ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಮುಗಿಸಬೇಕೆಂದೂ ನಿರ್ದೇಶಿಸಿತು. ಹಾಗಾಗಿ ವಾಯಿದೆ ಮೇಲೆ ವಾಯಿದೆ ಕೇಳಿ ಅವರನ್ನು ಸವೆಸಬೇಡ. ತೀರ್ಪಿನಲ್ಲಿ ನಿಜಕ್ಕೂ ತಪ್ಪು ಕಂಡಿದ್ದರೆ ಅಪೀಲು ಹಾಕು, ಸಿಟ್ಟಿಗಾಗಿ ಬೇಡ. ಹಾಕಿದ ಮೇಲೆ, ಬೇಗ ವಿಚಾರಣೆಯಾಗಲಿ ಎಂದು ನೀನೇ ಮುಂದೆ ನಿಂತು ಕೇಳು.

ಈಗ ಎದ್ದು ಎರಡು ರೊಟ್ಟಿ ತಿನ್ನು. ನಾಳೆ ಕೋರ್ಟಿನ ಕಚೇರಿ ತೆರೆಯುವ ಹೊತ್ತಿಗೆ ಹಡಗಲಿಯಲ್ಲಿರು, ನಕಲಿಗೆ ಅರ್ಜಿ ಹಾಕು. ನಾನೂ ಬರುತ್ತೇನೆ.

ನಿನ್ನ ಸೋದರಮಾವ